ಅಡ್ಡ ಮಲಗಿಸಿದ ಚಿತ್ರ

ಮಾರ್ಚ್ ೨

ಮಗಳೇ,

ದೋಣಿಯಲ್ಲಿ ಬಂದ ನಿನ್ನ ಪತ್ರ ನಿನ್ನೆ ಸಿಕ್ಕಿತು. ನಡುಗಡ್ಡೆಯಲ್ಲಿ ಗಾಳಿ ಜೋರು ಎಂದು ದೂರಿದ್ದೀಯ. ಗಾಳಿ ಅಳೆಯುವ ಕೆಲಸ ಹಿಡಿದವಳು ಗಾಳಿ ಬೀಸಿತೆಂದು ದೂರಿದರೆ ಹೇಗೆ? ಕಿವಿಗೆ ಬಟ್ಟೆ ಕಟ್ಟಿಕೊಂಡು ಹೊರಗೆ ಹೋಗು. ಅಲ್ಲಿ ಫೋನಿಲ್ಲ, ಹದಿನೈದು ದಿನಕ್ಕೊಂದು ದೋಣಿ. ನಿನಗೆ ನೆಗಡಿಯಾದರೂ ನನಗೆ ತಿಳಿಯುವ ಹೊತ್ತಿಗೆ ವಾಸಿಯಾಗಿರುತ್ತದೆ.

ನಿನ್ನ ಮಗಳು ಗುಬ್ಬಿ ಇನ್ನೂ ಮಾತಾಡುತ್ತಿಲ್ಲ. ಅರಳು ಹುರಿದ ಹಾಗೆ ಮಾತಾಡುತ್ತಿದ್ದವಳು ಈಗ ಬೇಕಾದರೆ ತಲೆ ಆಡಿಸುತ್ತಾಳೆ, ಬೇಡವಾದರೆ ಮುಖ ತಿರುಗಿಸುತ್ತಾಳೆ. ಊಟ, ಆಟ, ನಿದ್ದೆಗೆ ಕೊರತೆಯಿಲ್ಲ. ಡಾಕ್ಟರು ಕಿವಿಗೆ ದೀಪ ಹಿಡಿದು ನೋಡಿದರು, ನಾಲಿಗೆ ಚಾಚಿಸಿ ನೋಡಿದರು. "ಎಲ್ಲಾ ಸರಿಯಾಗೇ ಇದೆ. ತಾಯಿ ದೂರ ಹೋದಾಗ ಕೆಲವು ಮಕ್ಕಳು ಹೀಗಾಗ್ತಾರೆ" ಎಂದರು. ನಾನು ಎದುರು ಮಾತಾಡಲಿಲ್ಲ. ಓದಿದವರು, ಅವರಿಗೆ ಗೊತ್ತಿರುತ್ತದೆ.

ಈಗ ಶಿಶುವಿಹಾರದವರು ಒಬ್ಬ ಟೀಚರನ್ನು ನಮಗೆ ಗಂಟು ಹಾಕಿದ್ದಾರೆ. ಮಂಗಳವಾರ, ಶುಕ್ರವಾರ ಮನೆಗೇ ಬರುತ್ತಾಳಂತೆ. ಚಿತ್ರ ತೋರಿಸಿ ಮಾತು ಬರಿಸುತ್ತಾಳಂತೆ. ಮೊನ್ನೆ ಬಂದಿದ್ದಳು. ಬಿಸಿಲಿಗೆ ಬಿಚ್ಚಿ ಹಿಡಿಯುವ ಆ ಕಪ್ಪಗಿನದನ್ನು ಮಡಚಿ ಮೂಲೆಗಿಟ್ಟು, ಕೂರಿ ಎನ್ನುವ ಮೊದಲೇ ನೆಲದ ಮೇಲೆ ಕೂತಳು. ಮಾತೆಲ್ಲ ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ. ಗುಬ್ಬಿಯನ್ನು ನೋಡುವುದಕ್ಕಿಂತ ಹೆಚ್ಚಾಗಿ ಮನೆಯನ್ನು ನೋಡಿದಳು. ಸಂಬಳ ಎಷ್ಟು ಎಂದು ಕೇಳಿದರೆ, "ಅದೆಲ್ಲ ಶಿಶುವಿಹಾರದವರು ಕೊಡ್ತಾರಮ್ಮ, ನೀವು ಯೋಚನೆ ಮಾಡಬೇಡಿ" ಎಂದಳು. ಬಿಟ್ಟಿ ಬಂದದ್ದನ್ನು ಎರಡು ಸಲ ತಿರುಗಿಸಿ ನೋಡಬೇಕು ಎನ್ನುವವಳು ನಾನು. ನೋಡುತ್ತಿದ್ದೇನೆ.

ನಿನ್ನ ಅಮ್ಮ

ಮಾರ್ಚ್ ೧೬

ಅಮ್ಮ,

ಡಾಕ್ಟರು ಹೇಳಿದ್ದನ್ನು ಓದಿದ ದಿನ ಮಧ್ಯಾಹ್ನದ ಅಳತೆ ಬರೆಯುವುದನ್ನು ಮರೆತೆ. ಇಲ್ಲಿಗೆ ಬಂದ ಮೇಲೆ ಅದೇ ಮೊದಲು. ಮೂರು ಗಂಟೆಗೊಮ್ಮೆ ಹೊರಗೆ ಹೋಗಿ ಗಾಳಿ, ಮಳೆ, ಬಿಸಿ ನೋಡಿ ಪುಸ್ತಕದಲ್ಲಿ ಬರೆಯುವುದು ನನ್ನ ಕೆಲಸ. ಆಗ ಹೀಗಿತ್ತು, ಈಗ ಹೀಗಿದೆ, ಅಷ್ಟೇ. ಯಾಕೆ ಎಂದು ಕೇಳುವವರು ಬೇರೆ ಕಚೇರಿಯಲ್ಲಿದ್ದಾರೆ. ಆದರೆ ಗುಬ್ಬಿಯ ವಿಷಯದಲ್ಲಿ ಯಾಕೆ ಎಂಬುದು ನನಗೆ ಗೊತ್ತು. ನಾನು ಬಂದೆ, ಅವಳ ಮಾತು ನಿಂತಿತು. ಅವಳ ಅಪ್ಪ ಸತ್ತ ಮೇಲೆ ಈ ಒಂದು ವರ್ಷ ಮುಗಿಸಿದರೆ ಕೆಲಸ ಕಾಯಂ ಆಗುತ್ತದೆ ಎಂದು ಲೆಕ್ಕ ಹಾಕಿ ಬಂದವಳು ನಾನೇ. ಮಗುವಿನ ಮಾತು ಆ ಲೆಕ್ಕದಲ್ಲಿರಲಿಲ್ಲ.

ಟೀಚರ್ ಬರಲಿ ಅಮ್ಮ. ನಿನಗೆ ಹಾಲಿನವನ ಅಳತೆಯ ಮೇಲೆ ಅನುಮಾನ, ಅಂಚೆಯವನ ಚೀಲದ ಮೇಲೆ ಅನುಮಾನ. ನನ್ನ ಮದುವೆಯ ಫೋಟೋ ತೆಗೆದವನು ಒಂದು ಫೋಟೋ ಉಳಿಸಿಕೊಂಡ ಎಂದು ಇಂದಿಗೂ ಹೇಳುತ್ತೀಯ. ತಾ ಕಳ್ಳ ಪರರ ನಂಬ ಎಂಬ ಗಾದೆಯನ್ನು ನನಗೆ ಕಲಿಸಿದ್ದೂ ನೀನೇ.

ಇನ್ನೊಂದು ವಿಷಯ. ಗುಬ್ಬಿಯ ಅತ್ತೆ ಬರೆದಿದ್ದಾರೆ. ಜುಲೈ ಒಳಗೆ ಮಗು ಮಾತಾಡದಿದ್ದರೆ ತಾನು ಕರೆದುಕೊಂಡು ಹೋಗಿ ತನ್ನ ಊರಿನ ಶಾಲೆಗೆ ಸೇರಿಸುತ್ತಾರಂತೆ. "ನಿಮ್ಮ ತಾಯಿಗೂ ವಯಸ್ಸಾಯಿತು, ಒಬ್ಬರೇ ಎಷ್ಟು ನೋಡಿಕೊಳ್ಳುತ್ತಾರೆ" ಎಂದಿದ್ದಾರೆ. ತಮ್ಮನ ಮಗಳು, ಪ್ರೀತಿಯಿಂದಲೇ ಹೇಳಿದ್ದು. ಬೇಡ ಎನ್ನಲು ನನ್ನ ಹತ್ತಿರ ಕಾರಣ ಇಲ್ಲ. ಕಾರಣ ಕೊಡು.

ನಿನ್ನ ಮಗಳು

ಏಪ್ರಿಲ್ ೫

ಮಗಳೇ,

ಕಾರಣ ಕೇಳಿದೆ. ಹೆತ್ತವಳಿಲ್ಲದಾಗ ಹೆತ್ತವಳ ತಾಯಿ ನೋಡಿಕೊಳ್ಳುವುದಕ್ಕೆ ಕಾರಣ ಬೇರೆ ಬೇಕೇ? ಆ ಅತ್ತೆಗೆ ನಮ್ಮ ಮನೆಯ ಸುದ್ದಿ ಇಷ್ಟು ಬೇಗ ಹೇಗೆ ಮುಟ್ಟುತ್ತದೆ ಎಂಬುದನ್ನು ಮೊದಲು ಯೋಚಿಸು. ನಾನು ಯೋಚಿಸಿದ್ದೇನೆ.

ಈ ಚಿತ್ರದ ಟೀಚರ್ ಪುಸ್ತಕ ತರುವುದಿಲ್ಲ. ಬಿಳಿ ರಟ್ಟಿನ ತುಂಡುಗಳನ್ನು ತಂದು, ನಮ್ಮ ಮನೆಯ ಸಾಮಾನುಗಳನ್ನೇ ನೋಡಿ ನೋಡಿ ಬರೆಯುತ್ತಾಳೆ. ಗುಬ್ಬಿಯ ಅಂಚು ಒಡೆದ ಲೋಟ, ಬಾರು ಕಿತ್ತ ಚಪ್ಪಲಿ, ನನ್ನ ಹೊಲಿಗೆ ಯಂತ್ರ, ಕಿಟಕಿಗೆ ಇಳಿಬಿಡುವ ಬಟ್ಟೆ, ಅಡುಗೆಮನೆಯ ನಲ್ಲಿ, ಮೂರು ಕಾಲಿನ ಸ್ಟೂಲು. ಬಾಗಿಲಿನ ಬೀಗವನ್ನೂ ಬಿಡಲಿಲ್ಲ. "ಬೀಗ ಯಾಕಮ್ಮ ಬರೀತೀಯ? ಮಗು ಬೀಗ ತಿನ್ನುತ್ತಾ?" ಎಂದು ಕೇಳಿದೆ. ನಕ್ಕು, "ದಿನಾ ನೋಡೋ ಸಾಮಾನಿನ ಹೆಸರು ಬೇಗ ಬರುತ್ತಮ್ಮ" ಎಂದಳು. ಕಳ್ಳರಿಗೂ ದಿನಾ ನೋಡುವ ಬೀಗವೇ ಬೇಗ ಬರುತ್ತದೆ.

ನನ್ನನ್ನೂ ಬರೆದಳು. ಕನ್ನಡಕ, ಗಂಟು ಕೂದಲು, ಕುತ್ತಿಗೆಗೆ ನೇತುಬಿಟ್ಟ ಅಳತೆ ಟೇಪು. ಗುಬ್ಬಿಯನ್ನೂ ಬರೆದಳು. ಎಲ್ಲವನ್ನೂ ಒಂದು ತಗಡಿನ ಡಬ್ಬಕ್ಕೆ ತುಂಬಿ ಇಲ್ಲೇ ಬಿಟ್ಟು ಹೋಗುತ್ತಾಳೆ. ಒಂದೊಂದನ್ನೇ ತೆಗೆದು ಹೆಸರು ಹೇಳುವುದು, ಕಾಯುವುದು, ಮಗು ಹೇಳದಿದ್ದರೆ ಸುಮ್ಮನೆ ಮುಂದಿನದಕ್ಕೆ ಹೋಗುವುದು. ಬೈಯುವುದಿಲ್ಲ, ಅದೊಂದು ನಿಜ.

ಕಳೆದ ಶುಕ್ರವಾರ ಗುಬ್ಬಿಯ ಕೈಗೆ ಡಬ್ಬ ಕೊಟ್ಟು, "ಈಗ ನೀನು ನಂಗೆ ಒಂದು ಕಥೆ ಜೋಡಿಸು" ಎಂದಳು. ಗುಬ್ಬಿ ನಲ್ಲಿಯ ಚಿತ್ರ ಇಟ್ಟಳು. ಅದರ ಕೆಳಗೆ ನನ್ನ ಚಿತ್ರವನ್ನು ಅಡ್ಡ ಮಲಗಿಸಿದಳು. ಪಕ್ಕಕ್ಕೆ ಸ್ಟೂಲು. ಟೀಚರ್ ಅದನ್ನೇ ನೋಡುತ್ತಾ ಕೂತಳು, ಆಮೇಲೆ ಟಿಪ್ಪಣಿ ಪುಸ್ತಕ ತೆಗೆದು ಏನೋ ಗೀಚಿದಳು. "ಮಗು ಆಟ ಆಡ್ತಿದೆ, ಅದನ್ನೆಲ್ಲ ಏನು ಬರ್ಕೊಳ್ಳೋದು" ಎಂದೆ. ಅವಳು ನಗಲಿಲ್ಲ.

ಅವಳು ನೀರು ಕುಡಿಯಲು ಎದ್ದಾಗ ಚೀಲದಲ್ಲಿ ಒಂದು ಲಕೋಟೆ ಕಂಡಿತು. ಅತ್ತೆಯ ಊರಿನ ಮುದ್ರೆಯೇ ಎಂದು ಪ್ರಮಾಣ ಮಾಡಲಾರೆ. ಅಲ್ಲ ಎಂದೂ ಪ್ರಮಾಣ ಮಾಡಲಾರೆ.

ನಿನ್ನ ಅಮ್ಮ

ಏಪ್ರಿಲ್ ೨೦

ನಮಸ್ಕಾರ.

ನಾನು ನಿಮ್ಮ ಮಗಳಿಗೆ ಚಿತ್ರಗಳ ಮೂಲಕ ಮಾತು ಕಲಿಸಲು ಬರುವ ಟೀಚರ್. ನಿಮ್ಮ ವಿಳಾಸವನ್ನು ಶಿಶುವಿಹಾರದ ದಾಖಲೆಯಿಂದ ತೆಗೆದುಕೊಂಡೆ. ಬರೆಯುತ್ತಿರುವುದನ್ನು ನಿಮ್ಮ ತಾಯಿಯವರಿಗೆ ಹೇಳಿಲ್ಲ. ಅದು ತಪ್ಪಾದರೆ ಕ್ಷಮಿಸಿ.

ಪುಸ್ತಕದಲ್ಲಿರುವ ಲೋಟ ಯಾರದೋ ಲೋಟ. ಮಗುವಿಗೆ ತನ್ನ ಲೋಟವನ್ನೇ ಬರೆದುಕೊಟ್ಟರೆ ಅದರ ಹೆಸರೂ ತನ್ನದಾಗುತ್ತದೆ ಎಂಬ ನಂಬಿಕೆಯಿಂದ ನಾನು ಮನೆಯ ಸಾಮಾನುಗಳನ್ನೇ ಬರೆಯುತ್ತೇನೆ. ಒಂದೊಂದು ಹೆಸರು ಪರಿಚಯವಾದ ಮೇಲೆ ಮೂರು ಚಿತ್ರ ಸಾಲಾಗಿಟ್ಟು ಸಣ್ಣ ಕಥೆ ಮಾಡುತ್ತೇನೆ. ಲೋಟ, ಹಾಲು, ಗುಬ್ಬಿ. ಗುಬ್ಬಿ ಹಾಲು ಕುಡಿದಳು. ಆಮೇಲೆ ಮಗುವಿನ ಸರದಿ.

ನಿಮ್ಮ ಮಗಳು ತನ್ನ ಸರದಿಯಲ್ಲಿ ಪ್ರತಿ ಸಲವೂ ಒಂದೇ ಕಥೆ ಜೋಡಿಸುತ್ತಾಳೆ. ನಲ್ಲಿ, ಅಡ್ಡ ಮಲಗಿಸಿದ ಅಜ್ಜಿ, ಸ್ಟೂಲು. ನಾನು ಅಜ್ಜಿಯ ಚಿತ್ರವನ್ನು ನೇರ ಮಾಡಿದರೆ ಮತ್ತೆ ಅಡ್ಡ ಮಾಡುತ್ತಾಳೆ. ಕಳೆದ ವಾರ ನಾನು ಹೋದಾಗ ಡಬ್ಬದಲ್ಲಿ ಅಜ್ಜಿಯ ಚಿತ್ರ ಇರಲಿಲ್ಲ. "ಮಗು ಎಲ್ಲೋ ಬಿಸಾಕಿದೆ" ಎಂದರು ನಿಮ್ಮ ತಾಯಿ. ಮಗು ಹುಡುಕಲಿಲ್ಲ. ಹೊಲಿಗೆ ಯಂತ್ರದ ಕಡೆ ನೋಡಿತು. ನಿಮ್ಮ ತಾಯಿ ಮಗುವನ್ನು ನೋಡಿದರು. ಮಗು ನಲ್ಲಿಯ ಚಿತ್ರ ಇಟ್ಟು, ಅದರ ಕೆಳಗೆ ತನ್ನ ಕೈಯನ್ನೇ ಅಡ್ಡವಾಗಿ ಇಟ್ಟಿತು.

ನನಗೆ ಅನುಮಾನವಿಲ್ಲ ಎಂದರೆ ಸುಳ್ಳಾಗುತ್ತದೆ. ಹಾಗೆಂದು ಅನುಮಾನವನ್ನು ನಂಬುವುದೂ ಇಲ್ಲ. ಹಿಂದೆ ಒಂದು ಮನೆಯಲ್ಲಿ ಮಗು ತನ್ನ ಅಪ್ಪನ ಚಿತ್ರವನ್ನು ಯಾವಾಗಲೂ ಮಂಚದ ಕೆಳಗೆ ಇಡುತ್ತಿತ್ತು. ನಾನು ಏನೇನೋ ಊಹಿಸಿ ಎರಡು ವಾರ ನಿದ್ದೆ ಕೆಡಿಸಿಕೊಂಡೆ. ಆತ ಒಮ್ಮೆ ಬೆಕ್ಕು ಹಿಡಿಯಲು ಅಲ್ಲಿ ತೂರಿದ್ದ, ಅಷ್ಟೇ. ಆದ್ದರಿಂದ ಈಗ ಊಹಿಸದೆ ಕೇಳುತ್ತಿದ್ದೇನೆ. ಮಗುವನ್ನು ಅಡುಗೆಮನೆಯಲ್ಲಿ ಸ್ಟೂಲಿನ ಮೇಲೆ ನಿಲ್ಲಿಸಿ ಶಿಕ್ಷಿಸುವ ಪದ್ಧತಿ ನಿಮ್ಮ ಮನೆಯಲ್ಲಿ ಇದೆಯೇ?

ನಿಮ್ಮ ಮಗಳ ಚಿತ್ರದ ಟೀಚರ್

ಮೇ ೪

ಅಮ್ಮ,

ಟೀಚರ್ ನನಗೆ ಬರೆದಿದ್ದಾರೆ. ಅವರ ಮೇಲೆ ಹಾರಾಡಬೇಡ, ನನಗೆ ಉತ್ತರ ಕೊಡು.

ಗುಬ್ಬಿಯ ಮೇಲೆ ಕೈ ಎತ್ತಿದ್ದೀಯಾ? ಅವಳನ್ನು ಸ್ಟೂಲಿನ ಮೇಲೆ ನಿಲ್ಲಿಸಿದ್ದೀಯಾ? ನನ್ನನ್ನು ಒಮ್ಮೆ ನಿಲ್ಲಿಸಿದ್ದೆ. ಗಿರಾಕಿಯ ಬಟ್ಟೆಗೆ ಕತ್ತರಿ ಹಾಕಿದ್ದಕ್ಕೆ ಮಧ್ಯಾಹ್ನದಿಂದ ಸಂಜೆಯವರೆಗೆ ನಿಂತಿದ್ದೆ. ನೀನು ಮರೆತಿರಬಹುದು, ನನ್ನ ಕಾಲು ಮರೆತಿಲ್ಲ.

ನಿನ್ನ ಚಿತ್ರ ಎಲ್ಲಿದೆ? ಹೊಲಿಗೆ ಯಂತ್ರದ ಡ್ರಾಯರಿನಲ್ಲಿ ಇದೆ ಎಂದು ನನ್ನ ಊಹೆ. ನೀನು ನನ್ನ ಅಂಕಪಟ್ಟಿ, ಅಪ್ಪನ ಸಿಗರೇಟು, ಯಾವುದನ್ನು ಬಚ್ಚಿಟ್ಟರೂ ಅಲ್ಲೇ ಇಡುತ್ತಿದ್ದೆ.

ನಾನು ಅತ್ತೆಗೆ ಇನ್ನೂ ಹೂಂ ಎಂದಿಲ್ಲ. ನಿನ್ನ ಉತ್ತರ ನೋಡಿ ಬರೆಯುತ್ತೇನೆ.

ನಿನ್ನ ಮಗಳು

ಮೇ ೧೮

ಮಗಳೇ,

ಹೊಡೆದಿಲ್ಲ. ನಿಲ್ಲಿಸಿಲ್ಲ. ಗುಬ್ಬಿಯ ಮೈಮೇಲೆ ನನ್ನ ಉಗುರು ಸೋಕಿದ್ದರೆ ನನ್ನ ಕೈ ಬಿದ್ದುಹೋಗಲಿ. ಅಷ್ಟು ದೂರ ಕೂತು, ನಿನ್ನೆ ಮೊನ್ನೆ ಬಂದವಳ ಮಾತು ಕಟ್ಟಿಕೊಂಡು, ಹೆತ್ತ ತಾಯಿಯನ್ನು ಕಟಕಟೆಯಲ್ಲಿ ನಿಲ್ಲಿಸಿದೆ. ನಿನ್ನನ್ನು ಸ್ಟೂಲಿನ ಮೇಲೆ ನಿಲ್ಲಿಸಿದ್ದು ನೆನಪಿದೆ. ಸಂಜೆಯಾದ ಮೇಲೆ ನಿನ್ನ ಕಾಲಿಗೆ ಎಣ್ಣೆ ತಿಕ್ಕಿ ಅತ್ತವಳು ಯಾರು ಎಂಬುದು ನಿನಗೆ ನೆನಪಿಲ್ಲ. ಇರಲಿ.

ಆ ಟೀಚರಿಗೆ ಬರಬೇಡ ಎಂದು ಹೇಳಿದ್ದೇನೆ. ಬಾಗಿಲಲ್ಲೇ ಹೇಳಿದೆ, ಒಳಗೆ ಬಿಡಲಿಲ್ಲ. "ನಿಮಗೆ ನನ್ನ ಮೇಲೆ ಕೋಪ ಇದ್ರೆ ಇರಲಿ ಅಮ್ಮ. ಮಗುವಿನ ಡಬ್ಬ ಮಾತ್ರ ಕಿತ್ಕೊಬೇಡಿ" ಎಂದು ಹೇಳಿ ಹೋದಳು. ನಾನು ಯಾಕೆ ಕಿತ್ತುಕೊಳ್ಳಲಿ, ನಾನೇನು ರಾಕ್ಷಸಿಯೇ? ಡಬ್ಬ ಗುಬ್ಬಿಯ ಹತ್ತಿರವೇ ಇದೆ. ಮಂಗಳವಾರ ಶುಕ್ರವಾರ ಅದನ್ನು ತೊಡೆಯ ಮೇಲೆ ಇಟ್ಟುಕೊಂಡು ಬಾಗಿಲ ಹತ್ತಿರ ಕೂರುತ್ತಾಳೆ. ವಾರದ ಲೆಕ್ಕ ಅವಳಿಗೆ ಹೇಗೆ ತಿಳಿಯುತ್ತದೋ. ಎಬ್ಬಿಸಿದರೆ ಏಳುತ್ತಾಳೆ, ನಾನು ಆಚೆ ಹೋದರೆ ಮತ್ತೆ ಬಂದು ಕೂರುತ್ತಾಳೆ.

ಕುಂಬಳಕಾಯಿ ಕಳ್ಳ ಎಂದರೆ ನಾನು ಹೆಗಲು ಮುಟ್ಟಿ ನೋಡಿಕೊಳ್ಳುವವಳಲ್ಲ. ಚಿತ್ರ ನನ್ನದು, ನನ್ನ ಮುಖ ಇರುವುದು. ಎಲ್ಲಿಟ್ಟರೆ ಯಾರಿಗೇನು? ಮನೆಯಲ್ಲಿ ಸಾವಿರ ಕೆಲಸ. ನಿನ್ನೆ ಗುಬ್ಬಿಯ ಅಂಗಿ ಹೊಲಿಯಲು ಬಟ್ಟೆ ಹಾಸಿದೆ, ಬಟ್ಟೆ ಕತ್ತರಿಸುವುದು ಕಾಣದೆ ಅರ್ಧ ದಿನ ಹುಡುಕಿದೆ. ಎದುರಿಗೇ ಇತ್ತು.

ಹೂಂ ಎನ್ನುವುದಾದರೆ ಎನ್ನು. ಆ ಅತ್ತೆ ಬಂದು ಮಗುವಿನ ಕೈ ಹಿಡಿದು ಎಳೆಯುವಾಗ ನಾನು ಬಾಗಿಲು ತೆರೆದು ನಿಲ್ಲುತ್ತೇನೆ ಎಂದುಕೊಳ್ಳಬೇಡ.

ಅಮ್ಮ

ಜೂನ್ ೧

ಅಮ್ಮ,

ಎರಡು ದಿನ ಸಮುದ್ರ ಕೆಟ್ಟು ದೋಣಿ ತಡವಾಯಿತು. ಆ ಎರಡು ದಿನ ನಿನ್ನ ಪತ್ರಗಳನ್ನೆಲ್ಲ ಮೇಜಿನ ಮೇಲೆ ತಾರೀಖಿನ ಪ್ರಕಾರ ಹರಡಿಕೊಂಡು ಕೂತೆ, ಅಳತೆ ಪುಸ್ತಕ ನೋಡುವ ಹಾಗೆ. ಕೋಪದಲ್ಲಿ ಶುರು ಮಾಡಿದೆ. ಈಗ ಇರುವುದು ಕೋಪವಲ್ಲ.

ನಾನು ಹೊರಟದ್ದು ಡಿಸೆಂಬರ್ ಐದಕ್ಕೆ. ಜನವರಿ ಹನ್ನೊಂದರ ಪತ್ರದಲ್ಲಿ ನೀನು ಬರೆದಿದ್ದೀಯ: "ನಿನ್ನ ಮಗಳು ಬೆಳಗಿನಿಂದ ಬಾಯಿ ಮುಚ್ಚಿಲ್ಲ, ನನ್ನ ಕಿವಿ ತೂತಾಯಿತು." ನಾನು ಹೋಗಿ ಐದು ವಾರವಾಗಿತ್ತು. ಐದು ವಾರ ಮಾತಾಡಿದವಳು ನಾನು ಹೋದದ್ದಕ್ಕೆ ಮಾತು ನಿಲ್ಲಿಸಲಿಲ್ಲ.

ಜನವರಿ ಇಪ್ಪತ್ತೈದರ ದೋಣಿಯಲ್ಲಿ ನಿನ್ನ ಪತ್ರ ಇರಲಿಲ್ಲ. ಇಷ್ಟು ತಿಂಗಳಲ್ಲಿ ನಿನ್ನ ಪತ್ರವಿಲ್ಲದೆ ಬಂದದ್ದು ಅದೊಂದೇ ದೋಣಿ. ಅಂಚೆಯವನನ್ನು ಬೈದುಕೊಂಡು ಸುಮ್ಮನಾಗಿದ್ದೆ. ಮುಂದಿನ ಪತ್ರದಲ್ಲಿ ಗುಬ್ಬಿಯ ಮಾತು ಕಡಿಮೆಯಾಗಿದೆ ಎಂದಿತ್ತು. ಆ ಪತ್ರದಿಂದ ನಿನ್ನ ಅಕ್ಷರಗಳು ಬಲಗಡೆ ಇಳಿಯುತ್ತವೆ. ಮೊದಲು ಹೊಲಿಗೆಯ ಹಾಗೆ ನೇರ ಇದ್ದವು.

ಇನ್ನೂ ಒಂದು. ಮಾರ್ಚಿನಲ್ಲಿ ಛತ್ರಿಯನ್ನು "ಬಿಸಿಲಿಗೆ ಬಿಚ್ಚಿ ಹಿಡಿಯುವ ಕಪ್ಪಗಿನದು" ಎಂದು ಬರೆದೆ. ತಮಾಷೆ ಎಂದುಕೊಂಡೆ. ಈ ಸಲ ಕತ್ತರಿಯನ್ನು "ಬಟ್ಟೆ ಕತ್ತರಿಸುವುದು" ಎಂದಿದ್ದೀಯ. ಏಪ್ರಿಲಿನಲ್ಲಿ "ಕಿಟಕಿಗೆ ಇಳಿಬಿಡುವ ಬಟ್ಟೆ". ಅಮ್ಮ, ಮೂವತ್ತು ವರ್ಷ ನೀನು ಪರದೆ ಹೊಲಿದು ನನ್ನನ್ನು ಸಾಕಿದೆ. ನಮ್ಮ ಬೀದಿಯಲ್ಲಿ ನಿನ್ನನ್ನು ಕರೆಯುತ್ತಿದ್ದುದೇ ಪರದೆ ಅಕ್ಕ ಎಂದು. ಆ ಒಂದು ಪದ ನಿನಗೆ ಸಿಗಲಿಲ್ಲ.

ಜನವರಿಯ ಆ ವಾರ ನಮ್ಮ ಅಡುಗೆಮನೆಯಲ್ಲಿ ಏನಾಯಿತು?

ನಿನ್ನ ಮಗಳು

ಜೂನ್ ೧೪

ಮಗಳೇ,

ಬಿದ್ದೆ.

ಜನವರಿ ಇಪ್ಪತ್ತು, ಸೋಮವಾರ, ಬೆಳಿಗ್ಗೆ. ಪಾತ್ರೆ ತೊಳೆಯುತ್ತಿದ್ದೆ, ನಲ್ಲಿ ಬಿಟ್ಟಿತ್ತು. ಬಲಗೈಯಲ್ಲಿದ್ದ ತಟ್ಟೆ ಜಾರಿತು. ಹಿಡಿಯಬೇಕು ಎಂದು ಗೊತ್ತು, ಕೈಗೆ ಗೊತ್ತಾಗಲಿಲ್ಲ. ಆಮೇಲೆ ನೆಲ. ಎಷ್ಟು ಹೊತ್ತು ಹಾಗಿದ್ದೆನೋ ತಿಳಿಯದು. ಗುಬ್ಬಿ ಕೂಗುತ್ತಿದ್ದದ್ದು ಕೇಳುತ್ತಿತ್ತು, ಉತ್ತರ ಕೊಡಲು ನಾಲಿಗೆ ಏಳಲಿಲ್ಲ. ಎದ್ದು ಕೂತಾಗ ಸೀರೆ ಒದ್ದೆ, ನೆಲವೆಲ್ಲ ನೀರು. ನಲ್ಲಿಯಲ್ಲಿ ನೀರು ನಿಂತಿತ್ತು, ಅದು ನಮ್ಮ ಪುಣ್ಯ, ಇಲ್ಲದಿದ್ದರೆ ಮನೆಯೆಲ್ಲ ಕೆರೆಯಾಗುತ್ತಿತ್ತು. ಎರಡು ದಿನದಲ್ಲಿ ಕೈ ಸರಿಯಾಯಿತು. ಪದಗಳು ಮಾತ್ರ ಎಲ್ಲ ವಾಪಸು ಬರಲಿಲ್ಲ. ನಾಲಿಗೆ ತುದಿಯವರೆಗೆ ಬಂದು ಅಲ್ಲಿಂದ ಇಣುಕಿ ಒಳಗೆ ಹೋಗುತ್ತವೆ.

ಅವತ್ತೇ, ಒದ್ದೆ ನೆಲದ ಮೇಲೆ ಕೂತೇ, ಗುಬ್ಬಿಯ ಎರಡೂ ಭುಜ ಹಿಡಿದು ಹೇಳಿದೆ: "ಯಾರ ಹತ್ರಾನೂ ಹೇಳಬಾರ್ದು. ಅಮ್ಮಂಗೂ ಬರೆಸಬಾರ್ದು. ಹೇಳಿದ್ರೆ ಅತ್ತೆ ಬಂದು ನಿನ್ನ ಕರ್ಕೊಂಡು ಹೋಗ್ತಾಳೆ, ಅಜ್ಜಿ ಒಬ್ಬಳೇ ಆಗ್ತಾಳೆ." ನಾಲಿಗೆ ತೊದಲುತ್ತಿತ್ತು. ಅರ್ಥವಾಯಿತೋ ಇಲ್ಲವೋ ಎಂದು ಮೂರು ಸಲ ಹೇಳಿದೆ. ಅರ್ಥವಾಗಿತ್ತು. ಮರುದಿನದಿಂದ ಏನನ್ನೂ ಹೇಳಲಿಲ್ಲ. ಬಿದ್ದದ್ದನ್ನು ಮಾತ್ರ ಮುಚ್ಚಿಟ್ಟು ಉಳಿದದ್ದನ್ನು ಹೇಳುವಷ್ಟು ಜಾಣತನ ನಾಲ್ಕು ವರ್ಷದ ಮಗುವಿಗೆ ಎಲ್ಲಿಂದ ಬರಬೇಕು? ಎಲ್ಲವನ್ನೂ ಮುಚ್ಚಿಟ್ಟಿತು.

ಮೊದಲ ವಾರ ಸುಮ್ಮನಿದ್ದಳೆಂದು ಸಮಾಧಾನವಾಯಿತು. ಅದನ್ನೂ ಬರೆದುಬಿಡುತ್ತೇನೆ. ಡಾಕ್ಟರು ನಿನ್ನ ಮೇಲೆ ಹಾಕಿದಾಗಲೂ ಸಮಾಧಾನವಾಯಿತು. ನೀನು ಅಲ್ಲಿ ಕೂತು ಅಳುತ್ತೀ ಎಂದು ಗೊತ್ತಿದ್ದೂ ಸುಮ್ಮನಿದ್ದೆ. ಆ ಟೀಚರ್ ನನ್ನ ಚಿತ್ರ ಬರೆದ ದಿನದಿಂದ ಮಾತ್ರ ನನಗೆ ನೆಮ್ಮದಿಯಿಲ್ಲ. ಹೇಳಬಾರದು ಎಂದಿದ್ದೆ, ಮಗು ಹೇಳಲಿಲ್ಲ. ತೋರಿಸಬಾರದು ಎಂದು ಹೇಳಲು ನನಗೆ ಹೊಳೆದಿರಲಿಲ್ಲ.

ತಾ ಕಳ್ಳ ಪರರ ನಂಬ. ನೀನು ಸರಿಯಾಗಿಯೇ ನೆನಪಿಸಿದೆ. ಚಿತ್ರ ಡ್ರಾಯರಿನಲ್ಲೇ ಇದೆ, ಗುಂಡಿಗಳ ಕೆಳಗೆ.

ಅಮ್ಮ

ಜೂನ್ ೨೯

ಅಮ್ಮ,

ಜುಲೈ ಹದಿಮೂರರ ದೋಣಿಗೆ ನಾನು ಹತ್ತುತ್ತೇನೆ. ಬದಲಿಗೆ ಒಬ್ಬರನ್ನು ಕಳುಹಿಸುತ್ತಾರೆ. ವರ್ಷ ಪೂರ್ತಿಯಾಗುವುದಿಲ್ಲ, ಕೆಲಸ ಏನಾಗುತ್ತದೋ ಅಲ್ಲಿಗೆ ಬಂದು ನೋಡೋಣ.

ನನಗೆ ನಿನ್ನ ಮೇಲೆ ಕೋಪ ಇದೆ. ಬಿದ್ದದ್ದಕ್ಕಲ್ಲ. ನಾಲ್ಕು ತಿಂಗಳು ನನ್ನ ಮಗುವಿನ ಮೌನವನ್ನು ನನ್ನ ತಲೆಗೆ ಕಟ್ಟಿ ಸುಮ್ಮನೆ ಕೂತದ್ದಕ್ಕೆ. ಮುಖ ನೋಡಿ ಜಗಳ ಆಡುತ್ತೇನೆ, ತಯಾರಿರು.

ನಾನು ಬರುವವರೆಗೆ ಮೂರು ಕೆಲಸ ಮಾಡು. ಡಾಕ್ಟರ ಹತ್ತಿರ ಹೋಗು, ಈ ಸಲ ನಿನಗಾಗಿ. ಟೀಚರನ್ನು ಕರೆ, ಬಾಗಿಲಲ್ಲಿ ನಿಲ್ಲಿಸಬೇಡ. ಚಿತ್ರವನ್ನು ಡಬ್ಬಕ್ಕೆ ಹಾಕಿ ಗುಬ್ಬಿಗೆ ನೀನೇ ಹೇಳು, ಅವಳು ಎಲ್ಲವನ್ನೂ ಹೇಳಬಹುದು ಎಂದು. ನಾನು ಬಂದು ಹೇಳಿದರೆ ಆಗುವುದಿಲ್ಲ. ಬೀಗ ಹಾಕಿದವಳ ಹತ್ತಿರವೇ ಬೀಗದ ಕೈ ಇರುವುದು.

ಅತ್ತೆಗೆ ಉತ್ತರ ಬರೆದಿಲ್ಲ. ಬಂದ ಮೇಲೆ ಮೂವರೂ ಕೂತು ಬರೆಯೋಣ. ಏನು ಬರೆಯುತ್ತೇವೆಂದು ನನಗೂ ಗೊತ್ತಿಲ್ಲ.

ನಿನ್ನ ಮಗಳು

ಜುಲೈ ೮

ಮಗಳೇ,

ಇದು ನೀನು ಹೊರಡುವ ಮೊದಲು ಸಿಗಬೇಕು ಎಂದು ಇವತ್ತೇ ಬರೆಯುತ್ತಿದ್ದೇನೆ. ಕೈ ಅಲ್ಲಲ್ಲಿ ಇಳಿದರೆ ನೋಡಿಕೋ.

ಡಾಕ್ಟರ ಹತ್ತಿರ ಹೋದೆ. ತಲೆಯೊಳಗೆ ರಕ್ತದ ಓಟ ಸ್ವಲ್ಪ ಹೊತ್ತು ತಡೆದಿರಬೇಕು ಎಂದರು. "ಆರು ತಿಂಗಳು ಏನು ಮಾಡ್ತಿದ್ರಿ?" ಎಂದು ಗದರಿದರು. ಬಚ್ಚಿಡುತ್ತಿದ್ದೆ ಎಂದೆ. ಮಾತ್ರೆ ಕೊಟ್ಟಿದ್ದಾರೆ. ಇನ್ನೊಮ್ಮೆ ಆಗಬಹುದು, ಆಗದೆಯೂ ಇರಬಹುದು. ಮಗುವಿನ ಜೊತೆ ಮನೆಯಲ್ಲಿ ನಾನೊಬ್ಬಳೇ ಇರುವುದು ಸರಿಯಲ್ಲ ಎಂದೂ ಹೇಳಿದರು. ಅದನ್ನು ಅತ್ತೆಗೆ ಬರೆಯುವ ಪತ್ರದಲ್ಲಿ ಬರೆಯಬೇಕಾಗುತ್ತದೆ. ಬರೆದುಬಿಡು. ಅವಳು ಬರುವುದಾದರೆ ನಾನೇ ಬಾಗಿಲು ತೆರೆಯುತ್ತೇನೆ.

ಟೀಚರ್ ನಿನ್ನೆ ಮಂಗಳವಾರ ಬಂದಳು. ನಾನು ಕ್ಷಮಿಸು ಎನ್ನಲು ಬಾಯಿ ತೆರೆದರೆ, "ಮೊದಲು ಡಬ್ಬ ತೆಗೀರಮ್ಮ" ಎಂದಳು. ಅವಳ ಚೀಲದಲ್ಲಿದ್ದ ಲಕೋಟೆಯನ್ನೂ ಕೇಳಿಬಿಟ್ಟೆ. ಅವಳ ತಂಗಿಯ ಪತ್ರವಂತೆ. ನಕ್ಕಳು. ನಾನು ನಗಲಿಲ್ಲ, ನನಗೆ ನಾಚಿಕೆಯಾಗಿತ್ತು.

ಡ್ರಾಯರಿನಿಂದ ನನ್ನ ಚಿತ್ರ ತೆಗೆದು ಗುಬ್ಬಿಯ ಕೈಗೆ ಕೊಟ್ಟೆ. ಅವಳು ನನ್ನ ಮುಖ ನೋಡಿದಳು, ಟೀಚರ್ ಮುಖ ನೋಡಿದಳು. ಆಮೇಲೆ ಎಂದಿನ ಹಾಗೆ ನಲ್ಲಿ ಇಟ್ಟಳು, ನನ್ನನ್ನು ಅಡ್ಡ ಮಲಗಿಸಿದಳು, ಪಕ್ಕಕ್ಕೆ ಸ್ಟೂಲು ಇಟ್ಟಳು. ನಾನು ನೆಲದ ಮೇಲೆ ಅವಳ ಎದುರಿಗೆ ಕೂತು, "ಅಜ್ಜಿ ಬಿದ್ದಿದ್ದನ್ನ ಹೇಳಬಾರ್ದು ಅಂದಿದ್ದು ಅಜ್ಜಿದೇ ತಪ್ಪು ಪುಟ್ಟ. ಅಮ್ಮಂಗೆ ಎಲ್ಲಾ ಗೊತ್ತಾಗಿದೆ. ಯಾರೂ ನಿನ್ನ ಎಳ್ಕೊಂಡು ಹೋಗಲ್ಲ" ಎಂದೆ.

ಟೀಚರ್ ಕಾದಳು. ಅವಳಿಗೆ ಕಾಯುವುದು ಚೆನ್ನಾಗಿ ಬರುತ್ತದೆ. ಆಮೇಲೆ ಗುಬ್ಬಿ ಕೇಳಿದಳು, "ಈಗ ಹೇಳ್ಲಾ?"

ಆರು ತಿಂಗಳ ಮೇಲೆ ಕೇಳಿದ ಧ್ವನಿ ಮಗಳೇ. ಸ್ವಲ್ಪ ಒಡೆದಿತ್ತು. ಹೇಳು ಎಂದೆ.

ಹೇಳಿದಳು. ತಟ್ಟೆ ಬಿತ್ತು, ಅಜ್ಜಿ ಬಿದ್ಲು, ಅಜ್ಜಿ ಕಣ್ಣು ಬಿಟ್ಕೊಂಡೇ ಮಲಗಿದ್ಲು, ಕರೆದ್ರೆ ಬರ್ಲಿಲ್ಲ, ನೀರು ಅಜ್ಜಿ ಮೂಗಿನ ಹತ್ರ ಬರ್ತಾ ಇತ್ತು. ಪಾತ್ರೆ ತೊಳೆಯುವ ತೊಟ್ಟಿಯಲ್ಲಿ ತಟ್ಟೆ ಅಡ್ಡ ಬಿದ್ದು ನೀರು ಉಕ್ಕುತ್ತಿತ್ತು ಎಂಬುದು ನನಗೆ ಆಗಲೇ ತಿಳಿದದ್ದು. ಅಷ್ಟು ಹೇಳಿ, ನಾನು, ಟೀಚರ್, ನೀನು ಯಾರೂ ಅರ್ಥಮಾಡಿಕೊಳ್ಳದ ಆ ಸ್ಟೂಲಿನ ಚಿತ್ರದ ಮೇಲೆ ಬೆರಳಿಟ್ಟಳು. ಅದನ್ನು ಕೋಣೆಯಿಂದ ಎಳೆದುಕೊಂಡು ಬಂದದ್ದು, ಹತ್ತಿದ್ದು, ಎರಡೂ ಕೈಯಲ್ಲಿ ತಿರುಗಿಸಿದ್ದು. ನೀರು ತಾನಾಗಿ ನಿಂ‌ತದ್ದಲ್ಲ.

"ನಲ್ಲಿ ನಿಲ್ಲಿಸಿದ್ದು ನಾನು" ಎಂದಳು. ನಾನು ಆ ಚಿತ್ರವನ್ನೇ ನೋಡುತ್ತಾ ಕೂತದ್ದನ್ನು ಕಂಡು, ತಪ್ಪಾಯಿತೇನೋ ಎಂದು ದನಿ ತಗ್ಗಿಸಿ ಕೇಳಿದಳು, "ಅದನ್ನೂ ಹೇಳಬಾರ್ದಿತ್ತಾ ಅಜ್ಜಿ?"

ಅಮ್ಮ